ಘಮ್

ಹದಿನೈದರ ನಿಸರ್ಗ ಪಕ್ಕದ ಮನೆಯ ಒಲೆಯೆದುರು ನಲವತ್ತು ನಿಮಿಷದಿಂದ ಎಣ್ಣೆಯಲ್ಲಿ ಮೈದಾ ಹುರಿಯುತ್ತಿದ್ದಳು. ಸ್ಟೂಲಿನ ಮೇಲೆ ಕುಳಿತ ತಾಯಿ ಬನಶಂಕರಿಗೆ ಹಿಟ್ಟಿಗಿಂತ ಮೊದಲು ಹೊಟ್ಟೆ ಉರಿದಿತ್ತು. ಮನೆಯಲ್ಲಿ ಹುಳಿಪುಡಿಗೆ ಕೊತ್ತಂಬರಿ ಹುರಿ ಎಂದರೆ ಇದೇ ಮಗಳು "ಟೂ ಹಾಟ್, ಮಮ್" ಎಂದು ನಾಲ್ಕೇ ನಿಮಿಷಕ್ಕೆ ಸೌಟು ಬಿಟ್ಟು ಹೋಗುತ್ತಿದ್ದಳು.

ಲೂಸಿಯಾನದಿಂದ ಇವರ ಬಡಾವಣೆ ಎಲೆನ್‌ಬ್ರೂಕಿಗೆ ಬಂದ ನೆರೆಮನೆಯ ಒಡೆಟ್ ಕಲಿಸುತ್ತಿದ್ದದ್ದು ತನ್ನ ಅಜ್ಜಿಯ ಗಂಬೋ, ಹುರಿದ ಹಿಟ್ಟಿನಿಂದ ಮಂದವಾಗುವ ಸಾರು. "ಬೆಂಡೆಕಾಯಿ ಹುಳಿನೇ ರೀ, ಹುಳಿ ಒಂದಿರಲ್ಲ ಅಷ್ಟೆ" ಎಂದು ಬನಶಂಕರಿ ಗಂಡನಿಗೆ ಬೆಳಿಗ್ಗೆಯೇ ವರದಿ ಒಪ್ಪಿಸಿದ್ದಳು.

ಒಡೆಟ್ ತನ್ನ ಅಜ್ಜಿ ಅಡುಗೆಯ ಕ್ರಮ ಬರೆದಿಟ್ಟ ಹಳೆಯ ಕಾರ್ಡು ತೆಗೆದಳು. "ಎಲ್ಲಿಯವರೆಗೆ ಹುರಿಯಬೇಕು ಅಂತ ಅಜ್ಜಿ ಬರೆದೇ ಇಲ್ಲ. ಅವಳಿಗೆ ಮೂಗೇ ಹೇಳುತ್ತಿತ್ತು. ಏನು ಬರೆಯಲಿ?" ಎಂದು ಇಂಗ್ಲಿಷಿನಲ್ಲಿ ಕೇಳಿದಳು.

"ಘಮ್ ಅನ್ನೋವರೆಗೆ," ಎಂದಳು ನಿಸರ್ಗ, ಸೌಟು ನಿಲ್ಲಿಸದೆ. "ದಟ್ಸ್ ವಾಟ್ ಮಮ್ ಸೇಸ್."

ಒಡೆಟ್ ತನ್ನ ಅಜ್ಜಿಯ ಕೈಬರಹದ ಕೆಳಗೆ ಜಿ, ಯು, ಎಮ್ ಎಂದು ಬರೆದಳು. ಬನಶಂಕರಿ ಸ್ಟೂಲಿನಿಂದ ಇಳಿದು ಬಂದು ಕಾರ್ಡಿನ ಮೇಲೆ ಬೆರಳಿಟ್ಟಳು.

"ಜಿ ಆದ್ಮೇಲೆ ಒಂದು ಎಚ್ ಹಾಕಿ. ಇಲ್ಲದಿದ್ರೆ ಗೋಂದಾಗುತ್ತೆ."