ಕಂಬವಾಗಿ ನಿಂತವರು

ಮಿಲ್ಪಿಟಾಸ್‌ನ ಶಾಲೆಯ ಮೈದಾನದಲ್ಲಿ ಗ್ರೀಕ್ ದೇವಾಲಯ ಬಿದ್ದೇ ಬಿಟ್ಟಿತು. ಕೊಲ್ಲಿಯ ಕಡೆಯಿಂದ ಬೀಸಿದ ಒಂದೇ ಗಾಳಿಗೆ ರಟ್ಟಿನ ಆರೂ ಕಂಬಗಳು ಸೊಂಟ ಮುರಿದುಕೊಂಡವು. ಅವುಗಳ ಮೇಲಿದ್ದ ತೆಳು ಪ್ಲೈವುಡ್ಡಿನ ಚಾವಣಿ ಮಾತ್ರ ಒಂದಿಷ್ಟೂ ಮುಕ್ಕಾಗದೆ ಹುಲ್ಲಿನ ಮೇಲೆ ಬಂದು ಕೂತಿತು.

ಆರನೇ ತರಗತಿಯ ಗ್ರೀಕ್ ಹಬ್ಬಕ್ಕೆ ಅದನ್ನು ಕಟ್ಟಿದವಳು ಶಿವಾನಿ. ಅಥೆನ್ಸಿನ ಗುಡ್ಡದ ಮೇಲೆ ಹಳೆಯ ಗುಡಿಯೊಂದಿದೆ. ಅದರ ಒಂದು ಮಂಟಪದಲ್ಲಿ ಕಂಬಗಳ ಬದಲು ಆರು ಕಲ್ಲಿನ ಹೆಂಗಸರೇ ಚಾವಣಿ ಹೊತ್ತು ನಿಂತಿದ್ದಾರೆ. ಶಿವಾನಿ ಅದನ್ನೇ ನೋಡಿಕೊಂಡು, ಶನಿವಾರ ಭಾನುವಾರಗಳನ್ನೆಲ್ಲ ಗರಾಜಿನಲ್ಲಿ ಕಳೆದು, ಕಾರ್ಪೆಟ್ಟು ಸುತ್ತುವ ರಟ್ಟಿನ ಕೊಳವೆಗಳ ಮೇಲೆ ಹೆಣ್ಣುಗಳನ್ನು ಬರೆದಿದ್ದಳು. ಮಗಳು ನಿಸರ್ಗಾ ಅವತ್ತಿನ ಪೂಜಾರಿಣಿ. ಬಿಳಿ ಬೆಡ್‌ಶೀಟು ಸುತ್ತಿಕೊಂಡು ಆ ಮಂಟಪದೊಳಗಿಂದ ಹೊರಟು, ಎದುರಿನ ಬಲಿಪೀಠಕ್ಕೆ ಹಾಲು ಜೇನು ಎರೆಯಬೇಕು. ಗ್ರೀಕರ ಪೂಜೆ ನಡೆಯುತ್ತಿದ್ದುದು ಗುಡಿಯ ಒಳಗಲ್ಲ, ಹೊರಗೆ ಬಯಲಲ್ಲಿದ್ದ ಪೀಠದ ಮುಂದೆ ಎಂದು ಅವಳು ಮನೆಯವರಿಗೆಲ್ಲ ಪಾಠ ಹೇಳಿ ಮುಗಿಸಿದ್ದಳು.

"ಪರವಾಗಿಲ್ಲ, ದೇವಾಲಯ ಇಲ್ಲದೆಯೇ ಮಾಡೋಣ," ಎಂದರು ಟೀಚರು, ಇಂಗ್ಲಿಷಿನಲ್ಲಿ, ತುಂಬ ಮೆತ್ತಗೆ.

"ದೆನ್ ವೇರ್ ಡು ಐ ಕಮ್ ಔಟ್ ಫ್ರಮ್?" ನಿಸರ್ಗಾ ಅಳುಮುಖ ಮಾಡಿ ಅಮ್ಮನ ಕಡೆ ತಿರುಗಿದಳು. ಗುಡಿಯೇ ಇಲ್ಲದ ಪೂಜಾರಿಣಿ ಎಲ್ಲಿಂದ ಬರಬೇಕು? ಸಾಲಾಗಿ ಕೂತ ತಂದೆತಾಯಿಗಳೆಲ್ಲ ತನ್ನನ್ನೇ ನೋಡುತ್ತಿದ್ದಾರೆ ಎನಿಸಿ, ಶಿವಾನಿ ಮುರಿದ ಕೊಳವೆಯೊಂದನ್ನು ಸುಮ್ಮನೆ ನೆಟ್ಟಗೆ ನಿಲ್ಲಿಸಲು ನೋಡಿದಳು. ಅದು ಮತ್ತೆ ಬಾಗಿತು.

ಮಡಿಚುವ ಕುರ್ಚಿಯಲ್ಲಿ ಕೂತಿದ್ದ ಈರವ್ವ ಎದ್ದು ಬಂದಳು. ಶಿವಾನಿಯ ತಾಯಿ, ಹುಬ್ಬಳ್ಳಿಯಿಂದ ಬಂದು ಇನ್ನೂ ತಿಂಗಳಾಗಿರಲಿಲ್ಲ. ಇಳಕಲ್ ಸೀರೆ, ಕಾಲಿಗೆ ಬೂಟು, ಮೇಲೊಂದು ಶಾಲು.

"ಏನಾತವಾ?"

"ಕಂಬ ಮುರದು ಬಿದ್ವು ಅವ್ವಾ. ಎಲ್ಲಾ ವೇಸ್ಟ್ ಆತು."

"ಮುರೀಲಿ ಬಿಡು. ಮ್ಯಾಲಿನ ಹಲಿಗಿ ಗಟ್ಟಿ ಐತಲ್ಲ?" ಈರವ್ವ ಶಾಲು ತೆಗೆದು, ಹುರಿಮಾಡಿ, ಸುತ್ತಿ ಸಿಂಬಿ ಮಾಡಿ ನೆತ್ತಿಯ ಮೇಲಿಟ್ಟುಕೊಂಡಳು. "ಎತ್ತಿ ಇಡ್ರಿ ನನ್ನ ತಲಿ ಮ್ಯಾಲ."

"ಹುಚ್ಚೇನ ನಿಂಗ? ಕುತಗಿ ಹಿಡಕೊಂತೈತಿ!"

"ಹುಲ್ಲಿನ ಹೊರಿ ಹೊತ್ತ ಕುತಗಿ ಇದು. ಆದ್ರ ಹಲಿಗಿ ಅಗಲ ಐತಿ, ಒಬ್ಬಾಕಿಂದ ಆಗೂದಿಲ್ಲ. ನೀನೂ ಬಾ."

ಶಿವಾನಿ ಒಂದು ಗಳಿಗೆ ಅನುಮಾನಿಸಿದಳು. ಅವಳ ಆಫೀಸಿನ ಇಬ್ಬರು ಮೂವರು ಅಲ್ಲೇ ಕೂತಿದ್ದರು. ಆಮೇಲೆ ಮಗಳ ಮುಖ ನೋಡಿ ಕೊರಳಿನ ಸ್ಕಾರ್ಫ್ ಬಿಚ್ಚಿದಳು. ಅವಳು ಅದನ್ನು ಸುತ್ತುವಷ್ಟರಲ್ಲಿ ಚೀನೀ ಅಜ್ಜಿಯೊಬ್ಬರು, ಯಾರೂ ಕರೆಯದೆಯೇ, ತಮ್ಮ ಸ್ವೆಟರನ್ನು ಮಡಚಿ ತಲೆಗಿಟ್ಟುಕೊಂಡು ಬಂದು ನಿಂತರು. ದುಪಟ್ಟಾ ಸುತ್ತಿಕೊಂಡು ಒಬ್ಬ ಪಂಜಾಬಿ ತಾಯಿ ಬಂದಳು. ಮೆಕ್ಸಿಕೋ ಕಡೆಯ ಅಕ್ಕತಂಗಿಯರಿಬ್ಬರು ನಗುತ್ತ ಓಡಿ ಬಂದರು. ಆರು ಮಂದಿ ಆಯಿತು. ಮಕ್ಕಳೆಲ್ಲ ಸೇರಿ ಚಾವಣಿ ಎತ್ತಿ ಇಟ್ಟರು. ಅದು ಕೂಡಲೇ ಒಂದು ಮೂಲೆಗೆ ವಾಲಿತು. ಚೀನೀ ಅಜ್ಜಿ ಎಲ್ಲರಿಗಿಂತ ಗಿಡ್ಡ. ಯಾರೋ ಅವರ ಕಾಲಡಿಗೆ ಹಾಲಿನ ಕ್ರೇಟು ತಂದಿಟ್ಟರು. ಎತ್ತರದ ಶಿವಾನಿ ಮಂಡಿ ಬಗ್ಗಿಸಿದಳು. ದೇವಾಲಯ ಸರಿಯಾಯಿತು.

ತುತ್ತೂರಿ ಊದಿದರು. ನಿಸರ್ಗಾ ಕೈಯಲ್ಲಿ ಬಟ್ಟಲು ಹಿಡಿದು, ಅಮ್ಮ ಅಜ್ಜಿಯರ ನಡುವಿನಿಂದ ಗಂಭೀರವಾಗಿ ಹೊರಗೆ ಬಂದಳು. ಆಗಲೇ ಇನ್ನೊಂದು ಗಾಳಿ ಬೀಸಿತು. ಚಾವಣಿ ಮೇಲೇಳತೊಡಗಿದ್ದೇ ತಡ, ಆರು ಕಂಬಗಳೂ ಒಟ್ಟಿಗೆ ಕೈ ಎತ್ತಿ ಅದನ್ನು ಹಿಡಿದುಕೊಂಡವು. ಕ್ರೇಟಿನ ಮೇಲಿದ್ದ ಕಂಬ ಮೊದಲು ಕಿಸಕ್ಕೆಂದಿತು. ಈರವ್ವನಿಗೆ ತಡೆಯಲಾಗಲಿಲ್ಲ. ನಗು ಒಬ್ಬರಿಂದ ಒಬ್ಬರಿಗೆ ಹತ್ತಿ, ಇಡೀ ದೇವಾಲಯವೇ ಗಡಗಡ ಅಲುಗಾಡಿತು.

"ಅಜ್ಜೀ! ಪಿಲ್ಲರ್ಸ್ ಡೋಂಟ್ ಲಾಫ್!" ಎಂದು ಪೂಜಾರಿಣಿ ತಿರುಗಿ ಪಿಸುಗುಟ್ಟಿದಳು.

"ನಿಮ್ಮ ಕಲ್ಲಿನ ಕಂಬ ನಗಂಗಿಲ್ಲೇನೋ. ನೀ ಹೋಗು, ಹಾಲು ಚೆಲ್ಲೀತು!"

ನಿಸರ್ಗಾಳಿಗೂ ನಗು ಬಂತು. ನಗುತ್ತಲೇ ಹೋಗಿ ಪೀಠಕ್ಕೆ ಹಾಲು ಜೇನು ಎರೆದಳು; ಅರ್ಧ ಪೀಠಕ್ಕೆ, ಅರ್ಧ ಬೆಡ್‌ಶೀಟಿಗೆ. ಮೈದಾನವೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಿತು. ಮಂಡಿ ಬಗ್ಗಿಸಿ ನಿಂತಿದ್ದ ಶಿವಾನಿಯ ತೊಡೆಗಳು ನಡುಗುತ್ತಿದ್ದವು. ಆದರೂ ಇನ್ನೂ ಸ್ವಲ್ಪ ಹೊತ್ತು ಹೀಗೇ ನಿಲ್ಲಬಹುದಿತ್ತು ಎನಿಸಿತು ಅವಳಿಗೆ.

ಮಕ್ಕಳು ಚಾವಣಿ ಇಳಿಸಿದ ಮೇಲೆ ಟೀಚರು ಐಪ್ಯಾಡು ತಂದು, ಅಥೆನ್ಸಿನ ಮಂಟಪದ ಚಿತ್ರವನ್ನು ಈರವ್ವನಿಗೆ ತೋರಿಸಿದರು. ಈರವ್ವ ಕನ್ನಡಕ ಏರಿಸಿಕೊಂಡು, ಕಲ್ಲಿನ ಹೆಂಗಸೊಬ್ಬಳ ನೆತ್ತಿಯ ಮೇಲೆ ಬೆರಳಿಟ್ಟಳು.

"ಏ, ಇವರೂ ಸಿಂಬಿ ಇಟ್ಕೊಂಡಾರ ನೋಡು! ಎಷ್ಟ ದಿನದಿಂದ ನಿಂತಾರಂತ?"

ನಿಸರ್ಗಾ ಟೀಚರನ್ನು ಕೇಳಿ ಹೇಳಿದಳು. "ಎರಡು ಸಾವಿರದ ನಾಲ್ಕು ನೂರು ಇಯರ್ಸ್, ಅಜ್ಜಿ. ಪ್ರಪಂಚದಿಂದ ಎಲ್ಲಾರೂ ನೋಡಕ್ಕೆ ಬರ್ತಾರೆ."

ಈರವ್ವನ ಮುಖದ ನಗು ಅರ್ಧಕ್ಕೇ ನಿಂತಿತು. ಚಿತ್ರದ ಮೇಲಿದ್ದ ಬೆರಳನ್ನು ಅವಳು ತೆಗೆಯಲಿಲ್ಲ.

"ನೋಡಾಕ ಅಷ್ಟ ಮಂದಿ ಬಂದಾರಂತಿ," ಎಂದಳು. "ಇಳಿಸಾಕ ಒಬ್ಬರೂ ಬರಲಿಲ್ಲೇನ?"