ತಾಮ್ರದ ಅಂಚಿನ ಕಣ್ಪರದೆ

ಊರಿಗೆ ಊರೇ ಕಣ್ಣಿಗೆ ಪರದೆ ತೊಟ್ಟು, ಅದು ಬಿಡಿಸಿ ತೋರಿಸಿದ್ದನ್ನಷ್ಟೇ ನೋಡುತ್ತಿದ್ದ ಕಾಲ. ಹೊಸ ಚಿತ್ರಗಳು ಹಳೇ ಪರದೆಗಳಲ್ಲೂ ಸರಿಯಾಗಿ ಮೂಡುತ್ತವೆಯೇ ಎಂದು ಪರೀಕ್ಷಿಸುವುದು ವಾರಿಜಾಳ ಕೆಲಸ.

ಅವತ್ತು ಬೆಳಿಗ್ಗೆ ತಾಮ್ರದ ಅಂಚಿನ ಹಳೇ ಮಾದರಿಯೊಂದು ಹಟ ಹಿಡಿಯಿತು. ರಸ್ತೆಯ ಮೂಲ ಚಿತ್ರಕ್ಕೂ ಅದು ಬಿಡಿಸಿದ್ದಕ್ಕೂ ಶೇಕಡಾ ಮೂರು ವ್ಯತ್ಯಾಸ. ಎರಡರವರೆಗೆ ಮಾತ್ರ ವಿನಾಯಿತಿ.

"ಈಗ ಇದನ್ನ ಯಾರು ಹಾಕ್ಕೋತಾರೆ!" ಎಂದು ಗೊಣಗಿ ಅವಳು ಮಿತಿಯನ್ನೇ ಮೂರಕ್ಕೆ ಏರಿಸಿದಳು. ಪರೀಕ್ಷೆ ಪಾಸಾಯಿತು. ಮಧ್ಯಾಹ್ನ ಚಿತ್ರ ಊರಿಗೆಲ್ಲ ಹೋಯಿತು.

ಸಂಜೆ ದೊಡ್ಡಮ್ಮನ ಕೈಹಿಡಿದು ರಸ್ತೆ ದಾಟಲು ನಿಂತಾಗ, ಅವರ ಕಣ್ಣಂಚಿನಲ್ಲಿ ತಾಮ್ರ ಮಿನುಗಿತು. ವಾರಿಜಾ ರಸ್ತೆಯತ್ತ ಕೈ ತೋರಿಸಿದಳು.

"ದೊಡ್ಡಮ್ಮಾ, ಆ ಬರ್ತಿರೋ ಬಸ್ಸು ಯಾವ ಬಣ್ಣ, ಹೇಳಿ?"

"ಯಾವ ಬಸ್ಸೇ?" ಎಂದು ದೊಡ್ಡಮ್ಮ ಕೈ ಬಿಡಿಸಿಕೊಂಡು ರಸ್ತೆಗಿಳಿದರು.