ಮೆಟ್ಟಿಲ ಮೇಲಿನ ಫೋನು

"ಸ್ವಲ್ಪ ಜೋರಾಗಿ ಹೇಳಿ, ಏನೂ ಕೇಳಿಸ್ತಿಲ್ಲ," ಎಂದಳು ಪರಿಹಾರದ ಸಹಾಯವಾಣಿಯ ಹುಡುಗಿ. ಕ್ಷೌರಿಕನ ಹೆಂಡತಿ ಅಕ್ಕಪಕ್ಕ ನೋಡಿದಳು. ಮನೆಯೊಳಗೆ ಸಿಗ್ನಲ್ ಸಿಗದೆ ಮೆಟ್ಟಿಲಿಗೆ ಬಂದಿದ್ದಳು. ಅಲ್ಲಿ ಕೆಮ್ಮಿದರೂ ಇಡೀ ಕಟ್ಟಡಕ್ಕೆ ಕೇಳಿಸುತ್ತಿತ್ತು.

ಬಾಗಿಲಲ್ಲಿ ನಿಂತಿದ್ದ ಗಂಡ ಕೈಸನ್ನೆ ಮಾಡಿದ. "ಮೆಲ್ಲಗೆ ಮಾತಾಡೇ, ಮಾನ ಹೋಗುತ್ತೆ." ಸೋಂಕಿನ ಕಾಟಕ್ಕೆ ಸರ್ಕಾರ ಅಂಗಡಿ ಮುಚ್ಚಿಸಿದಾಗಿನಿಂದ ಅವನು ಯಾರೆದುರೂ ತಲೆ ಎತ್ತಿರಲಿಲ್ಲ. ಒಳಗೆ ಅತ್ತೆಯ ಉಸಿರಾಟದ ಯಂತ್ರ ಗೊರಗುಡುತ್ತಿತ್ತು. ಬಿಲ್ಲು ಕಟ್ಟದಿದ್ದರೆ ನಾಳೆ ಕರೆಂಟು ತೆಗೆಯುತ್ತೇವೆಂದು ಲೈನ್‌ಮ್ಯಾನ್ ಹೇಳಿ ಹೋಗಿದ್ದ.

ಅವಳಿಗೆ ರೇಗಿಹೋಯಿತು. ಮಾಸ್ಕನ್ನು ಗದ್ದಕ್ಕೆಳೆದು ಗಂಟಲು ಹರಿಯುವಂತೆ ಕೂಗಿದಳು: "ಕರೆಂಟ್ ಬಿಲ್ ಕಟ್ಟೋಕೆ ನಮ್ಮ ಹತ್ರ ದುಡ್ಡಿಲ್ಲ ಮೇಡಂ! ಅಂಗಡಿ ಮುಚ್ಚಿ ಅಂದ್ರಿ, ಮುಚ್ಚಿದ್ವಿ. ಪರಿಹಾರ ಕೊಡ್ತೀವಿ ಅಂದೋರೂ ನೀವೇ. ಅದನ್ನೇ ಕೇಳ್ತಿದೀನಿ, ಭಿಕ್ಷೆ ಅಲ್ಲ!"

"ಈಗ ಕೇಳಿಸ್ತು. ನಿಮ್ಮ ಹೆಸರು ಪರಿಹಾರದ ಪಟ್ಟಿಗೆ ಸೇರಿಸಿದೀನಿ, ಕರೆಂಟ್ ತೆಗೆಯಲ್ಲ," ಎಂದಳು ಹುಡುಗಿ. ಅಷ್ಟರಲ್ಲಿ ಮೇಲಿನ ಮಹಡಿಯ ಬಾಗಿಲು ತೆರೆಯಿತು. ಎದುರು ಸಿಕ್ಕರೂ ಮುಖ ತಿರುಗಿಸುತ್ತಿದ್ದ ಟ್ರಾವೆಲ್ಸ್ ಮಾಲೀಕನ ಹೆಂಡತಿ ಮೆಟ್ಟಿಲ ಕಂಬಿಯ ಮೇಲೆ ಬಾಗಿ ನಿಂತಿದ್ದಳು. "ಫೋನ್ ಇಡ್ಬೇಡ ಕಣಮ್ಮ," ಎಂದಳು, ಕಣ್ಣು ತಪ್ಪಿಸದೆ. "ನಮ್ಮ ಗಾಡಿಗಳೂ ನಿಂತಿವೆ, ನಮ್ಮ ಹೆಸರೂ ಹೇಳು." ಕೆಳಗೆ ಇನ್ನೊಂದು ಬಾಗಿಲು ತೆರೆದ ಸದ್ದಾಯಿತು. ಕ್ಷೌರಿಕ ಹೊಸ್ತಿಲು ದಾಟಿ ಬಂದು ಹೆಂಡತಿಯ ಕೈಯಿಂದ ಫೋನು ತೆಗೆದುಕೊಂಡ.

"ಮೇಡಂ, ಇಡಬೇಡಿ!" ಎಂದು ಕೂಗಿದ. "ಇಲ್ಲಿ ಇನ್ನೂ ಜನ ಇದ್ದೀವಿ!"